ಕ್ಲಾಪ್ ಹೊಡೆದವನೇ ಅಳಬೇಕು

ದುಡ್ಡಿಲ್ಲದ ಸಿನಿಮಾದಲ್ಲಿ ನಾಯಕನೇ ಫೋಕಸ್ ಇಡಬೇಕು, ಮೈಕ್ ಕಟ್ಟಬೇಕು, ಊಟದ ಲೆಕ್ಕ ಬರೆಯಬೇಕು. ಅದನ್ನು ಕೊಡಗಿನಲ್ಲಿ, ಅದೂ ಜುಲೈ ಮಳೆಯಲ್ಲಿ ಮಾಡಹೊರಟವರಿಗೆ ದೇವರೇ ಗತಿ.

ಮೊದಲು ಫೋಕಸ್. ನಾಯಕ ನಿಲ್ಲುವ ಜಾಗದಲ್ಲಿ ಲೈಟ್ ಸ್ಟ್ಯಾಂಡ್ ನಿಲ್ಲಿಸಿ, ಕಣ್ಣಿನ ಎತ್ತರಕ್ಕೆ ಟೋಪಿ ಸಿಕ್ಕಿಸಿ, ಅದಕ್ಕೆ ಫೋಕಸ್ ಮಾಡಿ, ಮ್ಯಾನ್ಯುಯಲ್‌ಗೆ ಹಾಕಿ ಬಿಡುವುದು. ಫುಲ್‌ಫ್ರೇಮ್ ಕ್ಯಾಮೆರಾ, 50 ಎಂಎಂ ಲೆನ್ಸ್, ಅದರ ಬೆಳಕಿನ ಕಿಂಡಿ ಎಫ್ 2.8, ದೂರ 2 ಮೀಟರ್ ಅಂದರೆ ಚೊಕ್ಕವಾಗಿ ಕಾಣುವ ಆಳ ಸುಮಾರು 27 ಸೆಂಟಿಮೀಟರ್. ದುಃಖ ತಡೆಯದೆ ಅರ್ಧ ಹೆಜ್ಜೆ ಮುಂದಿಟ್ಟರೆ ಮುಖ ಮಸುಕು. ಅದನ್ನು ಮಡಿಕೇರಿ ಮಂಜಿನ ಲೆಕ್ಕಕ್ಕೆ ಬರೆದುಬಿಡುವ ಆಸೆ ಯಾರಿಗಾದರೂ ಬರುತ್ತದೆ. ಕಿಂಡಿ ಕಿರಿದು ಮಾಡಿ ಎಫ್ 5.6ಕ್ಕೆ ಹೋದರೆ ಆಳವೇನೋ ಇಮ್ಮಡಿ, ಆದರೆ ಬೆಳಕು ಕಾಲು ಭಾಗ. ಸಿಲ್ವರ್ ಓಕ್ ನೆರಳಿನಲ್ಲಿ ಕ್ಯಾಮೆರಾದ ಬೆಳಕಿನ ಸಂವೇದನೆ, ಅಂದರೆ ಐಎಸ್ಒ, ನಾಲ್ಕು ಪಟ್ಟು ಏರಿಸಿದರೆ ಮುಖದ ತುಂಬ ಕಾಫಿಪುಡಿ ಉದುರಿಸಿದ ಹಾಗೆ ಕಾಳುಕಾಳು. ನೆಲದ ಗುರುತಿಗೆ ಟೇಪ್ ಬೇಡ, ಒದ್ದೆ ಮಣ್ಣಿಗೆ ಹಿಡಿಯುವುದಿಲ್ಲ. ಕಲ್ಲಿಡಿ. ಕ್ಯಾಮೆರಾದ ಪರದೆಯನ್ನು ನಟನ ಕಡೆ ತಿರುಗಿಸಲೇಬೇಡಿ. ತಾಯಿಯನ್ನು ನೋಡಿ ಅಳಬೇಕಾದ ಕಣ್ಣು ತನ್ನ ಕ್ರಾಪನ್ನೇ ನೋಡುತ್ತದೆ.

ಕ್ಲಾಪ್ ಹೊಡೆದು ಓಡಿ ಬಂದವನ ಏದುಸಿರು ಕಾಲರ್ ಮೈಕಿಗೆ ಚೆನ್ನಾಗಿ ಕೇಳಿಸುತ್ತದೆ. ಹತ್ತು ಸೆಕೆಂಡ್ ಸುಮ್ಮನೆ ನಿಂತು ಆಮೇಲೆ ಮಾತಾಡಬೇಕು. ಕೊಡವರ ನಿಲುವಂಗಿ ಕುಪ್ಯ ತೊಟ್ಟ ಪಾತ್ರವಾದರೆ ಕಷ್ಟ ಹೆಚ್ಚು: ಬಟ್ಟೆ ಮೈಕಿಗೆ ಉಜ್ಜಿದರೆ ಪ್ರತಿ ಉಸಿರಿಗೂ ಗರಗರ. ಮೈಕಿನ ಎರಡೂ ಕಡೆ ಟೇಪ್ ಅಂಟಿಸಿ, ವೈರನ್ನು ಒಂದು ಸುತ್ತು ಸಡಿಲ ಬಿಟ್ಟು, ಟ್ರಾನ್ಸ್‌ಮಿಟರನ್ನು ಬೆನ್ನ ಹಿಂದೆ ಸೊಂಟಕ್ಕೆ ಸುತ್ತಿದ ಚೇಲೆಯೊಳಗೆ ಅಡಗಿಸಿ. ಆಮೇಲೆ ಸೊಂಟ ತಡಕಿ ನೋಡಿ. ಸೊಂಟಕ್ಕೆ ಸಿಕ್ಕಿಸಿದ ಪೀಚೆಕತ್ತಿ ಪಕ್ಕದಲ್ಲೇ ಟೇಪಿನ ಉಂಡೆ ನೇತಾಡುತ್ತಿರುತ್ತದೆ.

ಹೊರಗಿನ ಚಳಿಯಿಂದ ಕ್ಯಾಮೆರಾವನ್ನು ನೇರ ಐನ್‌ಮನೆಯ, ಅಂದರೆ ಕೊಡವ ಕುಟುಂಬದ ಮೂಲಮನೆಯ, ಅಡುಗೆಕೋಣೆಗೆ ಒಯ್ದರೆ, ಒಲೆಯ ಮೇಲಿನ ಹಬೆಯೆಲ್ಲ ತಣ್ಣನೆಯ ಲೆನ್ಸಿನ ಮೇಲೆ ನೀರಾಗಿ ಕೂರುತ್ತದೆ. ಪಂಚೆಯಲ್ಲಿ ಒರೆಸಿದಷ್ಟೂ ಮತ್ತೆ ಕೂರುತ್ತದೆ, ಗೀರು ಬಿದ್ದರೆ ಲಾಭ. ಜಿಪ್ ಹಾಕಿದ ಬ್ಯಾಗಿನಲ್ಲೇ ಒಳಗೆ ತಂದು ಅರ್ಧ ಗಂಟೆ ಬಿಡಬೇಕು. ಆ ಹೊತ್ತಿಗೆ ಕಡಂಬಟ್ಟು ಬೆಂದಿರುತ್ತದೆ, ನಷ್ಟವೇನಿಲ್ಲ.

ಜಿಗಣೆಗೆ ಉಪ್ಪು ಸಾಕು, ಆದರೆ ಶಾಟಿನಿಂದ ಶಾಟಿಗೆ ಎಲ್ಲ ಒಂದೇ ಥರ ಕಾಣಬೇಕೆನ್ನುವ ಕಂಟಿನ್ಯೂಟಿಗೆ ಸಾಲದು. ಅದರ ಎಂಜಲು ರಕ್ತ ಹೆಪ್ಪುಗಟ್ಟಲು ಬಿಡುವುದಿಲ್ಲ. ಜಿಗಣೆ ಉದುರಿದ ಮೇಲೂ ಬಿಳಿ ಬಟ್ಟೆಯ ಮೇಲಿನ ಕಲೆ ಶಾಟಿನಿಂದ ಶಾಟಿಗೆ ದೊಡ್ಡದಾಗುತ್ತದೆ. ಮೊದಲೇ ಇನ್ನೊಂದು ಜೊತೆ ಬಟ್ಟೆ ಇಟ್ಟುಕೊಳ್ಳಿ.

ಕೊನೆಗೆ ‘ಕಟ್’ ಅನ್ನುವವನೂ ಫ್ರೇಮಿನೊಳಗೇ ಇರುತ್ತಾನೆ. ಹಾಗಂದು ಮುಗಿಸಿದ ಖುಷಿಯಲ್ಲಿ ಬಟನ್ ಒತ್ತದೆ ಊಟಕ್ಕೆ ಹೋದರೆ, ಸೆಕೆಂಡಿಗೆ 100 ಮೆಗಾಬಿಟ್ ಬರೆಯುವ ಕ್ಯಾಮೆರಾ 64 ಜಿಬಿ ಕಾರ್ಡನ್ನು ಸುಮಾರು 85 ನಿಮಿಷದಲ್ಲಿ ತುಂಬಿಸಿಬಿಡುತ್ತದೆ. ಅಂಗಳದ ಕೋಳಿ ಅಷ್ಟೂ ಹೊತ್ತು ಗುರುತಿನ ಕಲ್ಲಿನ ಪಕ್ಕದಲ್ಲೇ ಕೆದಕುತ್ತಿರುತ್ತದೆ, ಒಮ್ಮೆಯೂ ಫೋಕಸ್ ತಪ್ಪದೆ.