ಎರಡು ಚಂದ್ರರ ಊರಿನ ಪಂಚಾಂಗ

ಅಕ್ಕನ ಮಗ ಒಂದು ಲೋಕ ಕಟ್ಟುತ್ತಿದ್ದಾನೆ. ಓದುವುದು ಒಂಬತ್ತನೇ ಕ್ಲಾಸು, ಲೋಕ ಇರುವುದು ಗಣಿತದ ರಫ್ ನೋಟ್‌ಬುಕ್ಕಿನ ಹಿಂದಿನ ಪುಟಗಳಲ್ಲಿ. ಹೊಳೆ, ಬೆಟ್ಟ, ಕೋಟೆ, ಒಬ್ಬ ಕುಂಟ ರಾಜ, ಎಲ್ಲ ಆಗಿದೆ. ಆಕಾಶದಲ್ಲಿ ಎರಡು ಚಂದ್ರ. ಯಾಕಪ್ಪಾ ಎರಡು ಅಂದರೆ, "ಒಂದು ಎಲ್ಲರ ಹತ್ರಾನೂ ಇದೆಯಲ್ಲ ಮಾಮ" ಅಂದ. ಬೇಸಿಗೆ ರಜಕ್ಕೆ ನಮ್ಮನೆಗೆ ಬಂದವನು ನನಗೊಂದು ಕೆಲಸ ಹಚ್ಚಿದ. ಆ ಊರಿಗೆ ಕ್ಯಾಲೆಂಡರ್ ಮಾಡಿಕೊಡಬೇಕಂತೆ.

ಅದೇನು ಮಹಾ ಅಂದುಕೊಂಡೆ. ವರ್ಷಕ್ಕೆ 400 ದಿನ. 40 ದಿನದ 10 ತಿಂಗಳು. ವಾರಕ್ಕೆ 8 ದಿನ, ಸರಿಯಾಗಿ 50 ವಾರ. ದೊಡ್ಡ ಚಂದ್ರನಿಗೆ 32 ದಿನಕ್ಕೊಂದು ಹುಣ್ಣಿಮೆ, ಚಿಕ್ಕವನಿಗೆ 20 ದಿನಕ್ಕೊಂದು. 160 ದಿನಕ್ಕೊಮ್ಮೆ ಜೋಡಿ ಹುಣ್ಣಿಮೆ. ಶೇಷ ಸೊನ್ನೆ! ಹೈಸ್ಕೂಲಿನಲ್ಲಿ ಕಲಿತ ಲ.ಸಾ.ಅ. ಇಷ್ಟು ವರ್ಷದ ಮೇಲೆ ಕೈ ಹಿಡಿಯಿತು ಅಂತ ಬೀಗಿದೆ. ವಾರಕ್ಕೆ ರಜ ಎಷ್ಟು ಅಂತ ಕೇಳಿದೆ. "ಮೂರು" ಅಂದ, ತಲೆ ಎತ್ತದೆ.

ರಜದ ವಿಷಯದಲ್ಲಿ ಅವನೇ ಜಾಣ. ಫ್ರಾನ್ಸಿನವರು ಕ್ರಾಂತಿಯ ಬಿಸಿಯಲ್ಲಿ, 1793ರಲ್ಲಿ, ಇಂಥದ್ದೇ ನೀಟಾದ ಕ್ಯಾಲೆಂಡರ್ ಮಾಡಿದ್ದರು. 30 ದಿನದ 12 ತಿಂಗಳು, 10 ದಿನದ ವಾರ. ಮಂಜಿನ ತಿಂಗಳು, ಹಿಮದ ತಿಂಗಳು ಅಂತ ಚೆಂದದ ಹೆಸರುಗಳು. ದಿನಗಳಿಗೆ ಸಂತರ ಹೆಸರು ತೆಗೆದು ಗಿಡ, ಪ್ರಾಣಿ, ಉಪಕರಣಗಳ ಹೆಸರಿಟ್ಟರು. ಕತ್ತೆಗೂ ಒಂದು ದಿನ, ಆಲೂಗಡ್ಡೆಗೂ ಒಂದು ದಿನ. ಆದರೆ ಏಳು ದಿನಕ್ಕೆ ಬರುತ್ತಿದ್ದ ರಜ ಹತ್ತು ದಿನಕ್ಕೆ ಹೋಯಿತು. ದುಡಿಯುವವನು ಒಪ್ಪುತ್ತಾನಾ? 1806ರ ಜನವರಿ 1ಕ್ಕೆ ಹಳೆಯ ಕ್ಯಾಲೆಂಡರೇ ವಾಪಸ್ ಬಂತು.

ನಾವು ಹೀಗೆ ತಿಂಗಳು ಜೋಡಿಸುತ್ತಿದ್ದಾಗ ಅಮ್ಮ ಸೊಪ್ಪು ಬಿಡಿಸುತ್ತಾ ಕೇಳಿದಳು: "ಅಲ್ಲಿ ಮಳೆ ಯಾವಾಗ?"

ಮಾಮ, ಅಳಿಯ ಮುಖ ಮುಖ ನೋಡಿಕೊಂಡೆವು.

ಅಮ್ಮನ ವರ್ಷ ನಡೆಯುವುದೇ ಮಳೆ ನಕ್ಷತ್ರಗಳ ಮೇಲೆ. ಜೂನ್ ಅನ್ನುವುದು ಸ್ಕೂಲ್ ಫೀಸಿಗೆ ಮಾತ್ರ. ಅವಳಿಗೆ ಅದು ಮೃಗಶಿರ, ಆಮೇಲೆ ಆರಿದ್ರಾ. ಸೂರ್ಯ ಒಂದೊಂದು ನಕ್ಷತ್ರದಲ್ಲಿ 13-14 ದಿನ ಇರುತ್ತಾನೆ, 27 ಮುಗಿದರೆ ಒಂದು ವರ್ಷ. ಮಘೆ ಮಳೆ ಬಂದಷ್ಟೂ ಒಳ್ಳೆಯದು, ಮನೆ ಮಗ ಉಂಡಷ್ಟೂ ಒಳ್ಳೆಯದು ಅನ್ನುವಾಗ ಅವಳು ನನ್ನ ಹೊಟ್ಟೆ ಕಡೆ ನೋಡುತ್ತಾಳೆ, ಅದು ಬೇರೆ ವಿಷಯ. ಗೋಡೆಯ ಕ್ಯಾಲೆಂಡರಿನಲ್ಲಿ ಬೆರಳಿನ ಅಗಲದ ಒಂದು ಚೌಕ ನೋಡಿ. ಮೇಲೆ ತಿಥಿ, ಕೆಳಗೆ ಸಂಕಷ್ಟಿ, ನಡುವೆ ಅವಳ ಅಕ್ಷರದಲ್ಲಿ "ಗ್ಯಾಸ್ ಬಂತು", ಮೂಲೆಯಲ್ಲಿ ಹಾಲು ಬರದ ದಿನದ ಇಂಟು ಗುರುತು. ನನ್ನ 400 ಚೌಕಗಳಲ್ಲಿ ನಂಬರ್ ಬಿಟ್ಟರೆ ಏನೂ ಇರಲಿಲ್ಲ.

"ನಿಮ್ಮ ಚಂದ್ರಂದಿರು ಒಂದು ದಿನಾನೂ ತಪ್ಪಲ್ವಾ?" ಅಂತ ಅಮ್ಮ ಮತ್ತೆ ಕೆಣಕಿದಳು. ನಮ್ಮ ಚಂದ್ರ ತಪ್ಪುತ್ತಾನಲ್ಲ. ಅಮಾವಾಸ್ಯೆಯಿಂದ ಅಮಾವಾಸ್ಯೆಗೆ ಸುಮಾರು 29½ ದಿನ. ಹನ್ನೆರಡು ತಿಂಗಳಿಗೆ 354. ಸೂರ್ಯನ ವರ್ಷಕ್ಕೆ 11 ದಿನ ಕಮ್ಮಿ ಬಿತ್ತು. ಹಾಗೇ ಬಿಟ್ಟರೆ ಯುಗಾದಿ ಜಾರುತ್ತಾ ಜಾರುತ್ತಾ ಚಳಿಗಾಲಕ್ಕೆ ಹೋಗಿ ಕೂರುತ್ತದೆ, ಬೇವಿನ ಹೂವಿಗೆ ಎಲ್ಲಿಗೆ ಹೋಗೋಣ? ಅದಕ್ಕೇ ಎರಡೂವರೆ ವರ್ಷ ದಾಟಿದ ಮೇಲೆ ಒಂದು ಅಧಿಕ ಮಾಸ. 2023ರಲ್ಲಿ ಎರಡು ಶ್ರಾವಣ ಬಂತಲ್ಲ, ಹಾಗೆ. "ಬಗ್ ಫಿಕ್ಸು" ಅಂದ ಹುಡುಗ. ಹೂಂ, ಆದರೆ ನಮ್ಮವರು ಅದಕ್ಕೂ ಒಂದು ಊಟ ಇಟ್ಟರು. ಅಳಿಯನನ್ನು ಕರೆದು 33 ಕಜ್ಜಾಯ ಕೊಡುವ ಪದ್ಧತಿ. ಆಕಾಶದ ಲೆಕ್ಕ ಕೂಡದಿದ್ದರೆ ಇವನ ಅಪ್ಪನಿಗೆ ಕಜ್ಜಾಯ! ಸೋದರಮಾವನಿಗೆ ಕೊಡಬೇಕು ಅಂತ ಯಾರಿಗೂ ಹೊಳೆಯಲಿಲ್ಲ.

ಹುಡುಗನಿಗೆ ಅದು ತುಂಬಾ ಹಿಡಿಸಿತು. ನಾನು ಬೇಡ ಬೇಡ ಅಂದರೂ ವರ್ಷಕ್ಕೆ ಮೂರು ದಿನ ಜಾಸ್ತಿ ಮಾಡಿದ, 403. ಆ ಮೂರು ದಿನ ಯಾವ ತಿಂಗಳಿಗೂ ಸೇರಿದ್ದಲ್ಲ, ಯಾವ ವಾರಕ್ಕೂ ಸೇರಿದ್ದಲ್ಲ. ಅವತ್ತು ಕಂದಾಯ ಕೇಳುವಂತಿಲ್ಲ. ಅವತ್ತು ಹುಟ್ಟಿದವರನ್ನು ರಾಜನೂ ಬೈಯುವಂತಿಲ್ಲ. (ರಾಜ ಕುಂಟನಾದದ್ದಕ್ಕೂ ಇದಕ್ಕೂ ಏನೋ ಸಂಬಂಧವಿದೆ, ಕಥೆ ಇನ್ನೂ ಗುಟ್ಟು.) ದೊಡ್ಡ ಚಂದ್ರನಿಗೆ ಒಂದು ಕಾಲು ದಿನ ಸೇರಿಸಿದ. ನನ್ನ ಜೋಡಿ ಹುಣ್ಣಿಮೆ ಚೂರುಚೂರಾಯಿತು.

"ಇನ್ನು ಜಗಳ ಶುರು ನೋಡು" ಅಂದಳು ಅಮ್ಮ. ಅವಳಿಗೆ ಅನುಭವ ಇದೆ. ಎದುರುಮನೆಯವರು ಇವತ್ತು ಏಕಾದಶಿ ಅಂತ ಉಪವಾಸ ಇದ್ದರೆ, ಕೆಲವು ಸಲ ನಮ್ಮನೆಯಲ್ಲಿ ಅದು ನಾಳೆ.

ರಜ ಮುಗಿಸಿ ಅವನು ಊರಿಗೆ ಹೋದ. ಮೊನ್ನೆ ರಾತ್ರಿ ಹತ್ತು ಗಂಟೆಗೆ ಫೋನು. "ಮಾಮ, ಎಡವಟ್ಟಾಯ್ತು. ಬೆಟ್ಟದ ಮೇಲಿನವರಿಗೆ ಚಿಕ್ಕ ಚಂದ್ರ ಮೊದಲೇ ಕಂಡುಬಿಟ್ಟ. ಅವರು ಹಬ್ಬ ಮಾಡಿ ಮುಗಿಸಿದರು. ಹೊಳೆ ಕಡೆಯವರು ನಾಳೆನೇ ಹಬ್ಬ ಅಂತ ಕೂತಿದ್ದಾರೆ."

ಏನು ಮಾಡೋಣ ಅಂತ ನಾನು ಲೆಕ್ಕ ಶುರು ಮಾಡಿದೆ.

"ನೀನು ಬೇಡ. ಅಜ್ಜಿಗೆ ಕೊಡು" ಅಂದ.