ಮದುವೆ ನಂದು, ಸೈಜ್ ಚಿಂತೆ ಊರಿಗೆಲ್ಲಾ

ಚಿಕ್ಕಪೇಟೆಲಿ ಧಾರೆ ಸೀರೆ ಹೆಗಲ ಮೇಲೆ ಹಾಕ್ಕೊಂಡು ಕನ್ನಡಿ ನೋಡ್ತಿದ್ದೆ ಅಷ್ಟೇ, ಅಂಗಡಿಯವ್ರು "ಮೇಡಂ, ನಿಮ್ಮ ಪರ್ಸನಾಲಿಟಿಗೆ ದೊಡ್ಡ ಬಾರ್ಡರ್ ಬೇಡ, ಇನ್ನೂ ದಪ್ಪ ಕಾಣ್ತೀರಾ" ಅಂದ್ಬಿಟ್ರು. ಕೇಳಿದ್ನಾ ನಾನು? ಐದೂವರೆ ಮೀಟರ್ ಸೀರೆ ಕಣ್ರೀ, ಅದಕ್ಕೇ ಇಲ್ಲದ ತೊಂದ್ರೆ ಇವ್ರಿಗ್ಯಾಕೆ? ಪಕ್ಕದಲ್ಲಿ ನಮ್ಮ ಸೋದರತ್ತೆ ಬೇರೆ, "ಇನ್ನೂ ಟೈಮಿದೆ, ರಾತ್ರಿ ಅನ್ನ ಬಿಟ್ಬಿಡು ಪುಟ್ಟಿ" ಅಂತ. ಮಧ್ಯಾಹ್ನ ಬೇಡ ಬೇಡ ಅಂದ್ರೂ ಎರಡನೇ ಹೋಳಿಗೆ ಬಡಿಸಿದ್ದು ಇವ್ರೇ!

ಕಮರ್ಷಿಯಲ್ ಸ್ಟ್ರೀಟಲ್ಲಿ ರಿಸೆಪ್ಷನ್‌ಗೆ ಲೆಹೆಂಗಾ ಕೇಳಿದ್ರೆ "ಫ್ರೀ ಸೈಜ್" ಅಂತಾರೆ, ಯಾರಿಗ್ರೀ ಫ್ರೀ, ಗೊಂಬೆಗಾ? ಅದರ ಬೆನ್ನಿಗೂ ಪಿನ್ ಹಾಕಿ ಬಿಗಿ ಮಾಡಿರ್ತಾರೆ. ಇನ್ನು ಬ್ಲೌಸ್ ಟೈಲರ್ರು, ಟೇಪ್ ಹಿಡ್ದು ಅಳತೆನ ಇಡೀ ಬೀದಿಗೇ ಕೇಳೋ ಹಾಗೆ ಕೂಗಿ, "ಒಳಗೆ ಮಾರ್ಜಿನ್ ಬಿಟ್ಟಿರ್ತೀನಿ ಬಿಡಿ, ಹೇಗೂ ಬಿಚ್ಚಬೇಕಾಗತ್ತೆ" ಅಂತೆ. ಮದುವೆ ಗಂಡಿನ ಹೊಟ್ಟೆ ಬಗ್ಗೆ ಒಬ್ರಾದ್ರೂ ಉಸಿರೆತ್ತಿದ್ರಾ? ಅವ್ನ ಪಂಚೆಗೆ ವೆಲ್ಕ್ರೋ ಅಂತೆ, ಆರಾಮ!