ಕೆಲಸ ಕಳೆದುಕೊಂಡ ಹಾವು

ಏದೆನ್ ತೋಟದ ಹಾವಿನಷ್ಟು ಕೆಟ್ಟ ಹೆಸರು ಹೊತ್ತ ಪ್ರಾಣಿ ಇನ್ನೊಂದು ಇರಲಿಕ್ಕಿಲ್ಲ. ಸೇಬು ತಿನ್ನಿಸಿತು, ಹವ್ವಳ ತಲೆ ಕೆಡಿಸಿತು, ಅದು ಸೈತಾನನೇ, ಹೀಗೆ ದೂರುಗಳು ಒಂದೆರಡಲ್ಲ. ಹೀಬ್ರೂ ಬೈಬಲಿನ ಮೊದಲ ಪುಸ್ತಕ ಆದಿಕಾಂಡ ತೆರೆದರೆ ಅಲ್ಲಿ ಸೇಬೂ ಇಲ್ಲ, ಸೈತಾನನೂ ಇಲ್ಲ. ಬರೀ ಒಂದು ಹಣ್ಣು, ಬರೀ ಒಂದು ಹಾವು. ಹೀಬ್ರೂವಿನಲ್ಲಿ ಹಾವು ಅಂದರೆ ನಾಹಾಶ್. ದೇವರು ಮಾಡಿದ ಕಾಡುಪ್ರಾಣಿಗಳಲ್ಲೆಲ್ಲ ಇದಕ್ಕೆ ಚಾಲಾಕಿತನ ಜಾಸ್ತಿ ಎಂಬಷ್ಟೇ ಪರಿಚಯ. ಸೈತಾನನ ವೇಷ ಹಾಕಿಸಿದವರು ಬಹಳ ಕಾಲದ ಮೇಲೆ ಬಂದವರು.

ಅಷ್ಟಕ್ಕೂ ಅದು ಹೇಳಿದ್ದೇನು? ಹಣ್ಣು ತಿಂದರೆ ನೀವು ಸಾಯುವುದಿಲ್ಲ, ಕಣ್ಣು ತೆರೆಯುತ್ತದೆ, ಒಳ್ಳೆಯದು ಕೆಟ್ಟದ್ದು ತಿಳಿಯುತ್ತದೆ ಅಂದಿತು. ಆದಾಮ, ಹವ್ವ ತಿಂದರು. ಅವತ್ತೇ ಸಾಯಲಿಲ್ಲ. ಆದಾಮ ಒಟ್ಟು 930 ವರ್ಷ ಬದುಕಿದ. ಕಣ್ಣೂ ತೆರೆಯಿತು. ಮನುಷ್ಯ ನಮ್ಮ ಹಾಗೇ ಆಗಿಬಿಟ್ಟನಲ್ಲ ಎಂದು ದೇವರೇ ಅನ್ನುತ್ತಾನೆ. ಹಾವು ಸುಳ್ಳು ಹೇಳಿತು ಅನ್ನುವುದು ಕಷ್ಟ. ಅರ್ಧ ಹೇಳಿತು, ಉಳಿದರ್ಧ ನುಂಗಿಕೊಂಡಿತು. ಊರಲ್ಲಿ ಜಗಳ ಹಚ್ಚುವವರು ಮಾಡುವುದೂ ಇಷ್ಟೇ ಅಲ್ವಾ?

ಶಿಕ್ಷೆಯೇನೋ ಜೋರಾಗಿಯೇ ಬಿತ್ತು. ಹೊಟ್ಟೆಯ ಮೇಲೆ ಹರಿದಾಡು, ಮಣ್ಣು ತಿನ್ನು. ಹಾಗಾದರೆ ಮೊದಲು ಕಾಲಿದ್ದವಾ ಅಂತ ಯಾವ ಮಗುವಾದರೂ ಕೇಳುತ್ತದೆ. ಯಹೂದಿ ಧರ್ಮಗುರುಗಳಾದ ರಬ್ಬಿಗಳೂ ಕೇಳಿದರು. ದೇವದೂತರು ಇಳಿದು ಬಂದು ಅದರ ಕೈಕಾಲು ಕತ್ತರಿಸಿದರು, ಅದರ ಅರಚಾಟ ಲೋಕದ ಈ ತುದಿಯಿಂದ ಆ ತುದಿವರೆಗೆ ಕೇಳಿತು ಎನ್ನುತ್ತದೆ ಮಿದ್ರಾಶ್ ಎಂಬ ರಬ್ಬಿಗಳ ವ್ಯಾಖ್ಯಾನದ ಒಂದು ಕಥೆ. ರಬ್ಬಿಗಳ ಚರ್ಚೆಗಳ ದೊಡ್ಡ ಸಂಗ್ರಹವಾದ ತಾಲ್ಮುದಿನಲ್ಲಿ ಬರುವ ಇನ್ನೊಬ್ಬ ರಬ್ಬಿಗೆ ಬೇರೆಯೇ ಚಿಂತೆ. ಅಯ್ಯೋ, ಎಂಥ ಒಳ್ಳೆಯ ಆಳು ಕೈತಪ್ಪಿ ಹೋಯಿತು ಎಂದು ಅವರು ಪೇಚಾಡುತ್ತಾರೆ. ಈ ಶಾಪವೊಂದು ಬೀಳದೇ ಇದ್ದಿದ್ದರೆ ಇಸ್ರಾಯೇಲರು ಒಬ್ಬೊಬ್ಬರಿಗೂ ಎರಡೆರಡು ಹಾವು ಇರುತ್ತಿದ್ದವಂತೆ. ಒಂದನ್ನು ಉತ್ತರಕ್ಕೆ, ಒಂದನ್ನು ದಕ್ಷಿಣಕ್ಕೆ ಅಟ್ಟಿದರೆ ಸಾಕು, ರತ್ನ ಮುತ್ತು ಹೊತ್ತು ತರುತ್ತಿದ್ದವಂತೆ! ಮನುಕುಲದ ಪತನ ಅಂತ ಬೇರೆಯವರು ಕಣ್ಣೀರು ಹಾಕುವ ಜಾಗದಲ್ಲಿ ಈ ರಬ್ಬಿ ಮನೆಯಾಳು ಹೋದ ಲೆಕ್ಕ ಹಾಕುತ್ತಾ ಕೂತಿದ್ದಾರೆ. ನನಗೆ ಇವರು ತುಂಬಾ ಇಷ್ಟ.

ತೋಟದ ಕೆಲಸ ಹೋಯಿತು ನಿಜ. ಆದರೆ ಹೀಬ್ರೂ ಗ್ರಂಥ ಹಾವನ್ನು ಅಲ್ಲಿಗೇ ಬಿಡುವುದಿಲ್ಲ. ಹತ್ತಾರು ಪುಟಕ್ಕೊಮ್ಮೆ ಮತ್ತೆ ಕರೆದು ಏನಾದರೊಂದು ಕೆಲಸ ಹಚ್ಚುತ್ತದೆ.

ಇಸ್ರಾಯೇಲರನ್ನು ಈಜಿಪ್ಟಿನಿಂದ ಬಿಡಿಸಿ ತಂದ ಮೋಶೆಯ ಕೋಲನ್ನೇ ನೋಡಿ. ನೆಲಕ್ಕೆ ಬಿಸಾಡು ಅಂದ ದೇವರು. ಬಿಸಾಡಿದರೆ ಹಾವಾಯಿತು. ಮೋಶೆ ಓಡಿದ. ಮುಂದೆ ಸಮುದ್ರವನ್ನೇ ಸೀಳಲಿರುವ ಮನುಷ್ಯ ಹಾವು ಕಂಡು ಓಡಿದ ಎಂದು ಬರೆಯಲು ಬರೆದವರಿಗೆ ಸಂಕೋಚವಿಲ್ಲ. ಕೈಚಾಚಿ ಅದರ ಬಾಲ ಹಿಡಿ ಎಂಬುದು ಮುಂದಿನ ಅಪ್ಪಣೆ. ಬಾಲ! ಬಾಲ ಹಿಡಿದರೆ ತಲೆಗೆ ಪೂರ್ತಿ ಬಿಡುವು, ತಿರುಗಿ ಕಚ್ಚಲು ಏನೂ ಅಡ್ಡಿಯಿಲ್ಲ. ಕುರಿ ಕಾಯುತ್ತಿದ್ದ ಮೋಶೆಗೆ ಇದು ಗೊತ್ತಿಲ್ಲದೆ ಇದ್ದೀತೇ? ಆದರೂ ಹಿಡಿದ. ಕೈಯಲ್ಲಿ ಮತ್ತೆ ಕೋಲು. ಹಾವೂ ಸಾಯಬಾರದು ಕೋಲೂ ಮುರಿಯಬಾರದು ಎಂಬ ಗಾದೆ ಇಲ್ಲಿ ನಡೆಯುವುದಿಲ್ಲ, ಹಾವೇ ಕೋಲು. ಮುಂದೆ ಇದೇ ಚಮತ್ಕಾರ ಫರೋಹನ ಆಸ್ಥಾನದಲ್ಲಿ ನಡೆಯಿತು. ಹೆಡೆ ಎತ್ತಿದ ನಾಗರವನ್ನು ಹಣೆಯ ಮೇಲೆ ಧರಿಸುವುದು ಈಜಿಪ್ಟಿನ ಅರಸರ ಪದ್ಧತಿ. ಅಂಥವನ ಎದುರು ಮೋಶೆಯ ಅಣ್ಣ ಆರೋನನ ಕೋಲು ಮಾಂತ್ರಿಕರ ಕೋಲುಗಳನ್ನೆಲ್ಲ ನುಂಗಿಹಾಕಿತು. ಯಾರಿಗೆ ಯಾವ ಭಾಷೆಯಲ್ಲಿ ಹೇಳಬೇಕೋ ಹಾಗೇ ಹೇಳಿದಂತಾಯಿತು.

ಈಜಿಪ್ಟ್ ಬಿಟ್ಟ ಮೇಲೆ ಮರಳುಗಾಡಿನಲ್ಲಿ ಹಾವಿಗೆ ಸಿಕ್ಕಿದ್ದು ಆಸ್ಪತ್ರೆ ಕೆಲಸ. ಆಕಾಶದಿಂದ ಬೀಳುತ್ತಿದ್ದ ಅದೇ ಮನ್ನ ದಿನಾ ತಿಂದು ಬೇಸತ್ತ ಜನ, ಈ ದರಿದ್ರ ಊಟ ಸಾಕಪ್ಪಾ ಎಂದು ಗೊಣಗಿದರು. ಉರಿಹಾವುಗಳು ಬಂದು ಕಚ್ಚಿದವು. ಬಹಳ ಜನ ಸತ್ತರು. ಆಗ ಮೋಶೆ ತಾಮ್ರದ ಹಾವು ಮಾಡಿಸಿ ಕಂಬಕ್ಕೆ ಏರಿಸಿದ. ಕಚ್ಚಿಸಿಕೊಂಡವರು ಅದನ್ನು ನೋಡಿದರೆ ಬದುಕುತ್ತಿದ್ದರು. ಹೀಬ್ರೂವಿನಲ್ಲಿ ಹಾವು ನಾಹಾಶ್, ತಾಮ್ರ ನೆಹೋಶೆತ್. ಮೋಶೆ ಬೇರೆ ಲೋಹ ಹುಡುಕದೆ ಇದ್ದದ್ದಕ್ಕೆ ಈ ಪ್ರಾಸವೂ ಕಾರಣವಿರಬೇಕು. ಆದರೆ ಯಾವ ಮೂರ್ತಿಯನ್ನೂ ಮಾಡಬೇಡಿ ಎಂದು ಸೀನಾಯಿ ಬೆಟ್ಟದಲ್ಲಿ ಹೇಳಿಸಿಕೊಂಡು ಬಂದವನೇ ಅಲ್ಲವೇ ಅವನು? ಈ ತೊಡಕು ಮಿಷ್ನಾ ಎಂಬ ಹಳೆಯ ಯಹೂದಿ ನಿಯಮಸಂಗ್ರಹದ ರಬ್ಬಿಗಳನ್ನೂ ಕಾಡಿತು. ಹಾವೇನು ಕೊಲ್ಲುತ್ತದೆಯೇ, ಹಾವೇನು ಬದುಕಿಸುತ್ತದೆಯೇ ಎಂದು ಕೇಳಿ, ಜನ ತಲೆಯೆತ್ತಿ ಮೇಲಿನ ತಂದೆಯನ್ನು ನೆನೆದಾಗ ವಾಸಿಯಾದರು ಎಂದು ಸಮಾಧಾನ ಹೇಳಿಕೊಂಡರು.

1969ರಲ್ಲಿ ಬೆನೊ ರೋಥೆನ್‌ಬರ್ಗ್ ಎಂಬ ಪುರಾತತ್ವಜ್ಞ ದಕ್ಷಿಣ ಇಸ್ರೇಲಿನ ತಿಮ್ನಾದ ಹಳೆಯ ತಾಮ್ರದ ಗಣಿಗಳ ಪಕ್ಕ ಅಗೆಯುತ್ತಿದ್ದರು. ಈಜಿಪ್ಟಿನ ಹಾಥೋರ್ ದೇವಿಯ ಪುಟ್ಟ ಗುಡಿ ಅದು. ಈಜಿಪ್ಟಿನವರು ಬಿಟ್ಟುಹೋದ ಮೇಲೆ ಮಿದ್ಯಾನರೆಂಬ ಮರುಭೂಮಿಯ ಬುಡಕಟ್ಟಿನವರು ಅದಕ್ಕೆ ಬಟ್ಟೆಯ ಡೇರೆ ಹೊದಿಸಿ ತಮ್ಮ ಗುಡಿ ಮಾಡಿಕೊಂಡಿದ್ದರು ಎಂದು ರೋಥೆನ್‌ಬರ್ಗ್ ಅಭಿಪ್ರಾಯ. ಅಲ್ಲಿ ಸಿಕ್ಕಿತು ಒಂದು ತಾಮ್ರದ ಹಾವು. ಉದ್ದ ಸುಮಾರು 12 ಸೆಂಟಿಮೀಟರ್, ಅಂಗೈ ಮೇಲೆ ಮಲಗಿಸಬಹುದು. ತಲೆಗೆ ಚಿನ್ನದ ಲೇಪ. ಮೋಶೆಯ ಮಾವ ಮಿದ್ಯಾನಿನ ಪೂಜಾರಿ ಎಂಬುದು ಗ್ರಂಥದಲ್ಲೇ ಇದೆ. ಇದೇ ಮೋಶೆಯ ಹಾವು ಎಂದು ಯಾರೂ ಹೇಳುವಂತಿಲ್ಲ. ಆದರೆ ಆ ಸೀಮೆಯ ಜನ ತಾಮ್ರದಲ್ಲಿ ಹಾವು ಮಾಡುತ್ತಿದ್ದರು, ಅದಕ್ಕೆ ಚಿನ್ನದ ತಲೆ ಕೂರಿಸುವಷ್ಟು ಭಕ್ತಿಯೂ ಇತ್ತು ಎಂಬುದಕ್ಕೆ ಇಷ್ಟು ಸಾಕು.

ಮೋಶೆಯ ಹಾವಿಗೆ ಕೊನೆಗೆ ಬಡ್ತಿಯೇ ಮುಳುವಾಯಿತು. ಜೆರುಸಲೇಮಿನ ಜನ ಅದಕ್ಕೆ ಧೂಪ ಹಾಕತೊಡಗಿದರು. ಕ್ರಿಸ್ತಪೂರ್ವ 8ನೇ ಶತಮಾನದ ಕೊನೆಯ ಹೊತ್ತಿಗೆ ಯೆಹೂದ ರಾಜ್ಯದ ಅರಸ ಹಿಜ್ಕೀಯ ಬಂದ. ಗುಡಿಗಳನ್ನೂ ಪೂಜೆಯ ಕಂಬಗಳನ್ನೂ ಒಡೆಸುವಾಗ ಇದನ್ನೂ ಚೂರುಚೂರು ಮಾಡಿಸಿದ. ಅದಕ್ಕೆ ನೆಹುಷ್ಟಾನ್ ಎಂಬ ಹೆಸರಿತ್ತು. ತಮಾಷೆ ಏನೆಂದರೆ, ಅದೇ ಊರಿನ ಪ್ರವಾದಿ ಯೆಶಾಯನಿಗೆ ದರ್ಶನದಲ್ಲಿ ಕಂಡ ಆರು ರೆಕ್ಕೆಯ ದಿವ್ಯಜೀವಿಗಳಾದ ಸೆರಾಫಿಯರಿಗೂ ಮರಳುಗಾಡಿನ ಉರಿಹಾವುಗಳಿಗೂ ಹೀಬ್ರೂವಿನಲ್ಲಿ ಒಂದೇ ಹೆಸರು, ಸಾರಾಫ್. ಹಾರುವ ಸಾರಾಫ್ ಬಗ್ಗೆ ಯೆಶಾಯನ ಗ್ರಂಥದಲ್ಲೇ ಬೇರೆ ಕಡೆಯೂ ಮಾತು ಬರುತ್ತದೆ. ಆ ಶತಮಾನದ ಯೆಹೂದದ ಮುದ್ರೆಗಳ ಮೇಲೆ ರೆಕ್ಕೆಯ ನಾಗರ ಕಾಣುತ್ತದೆ. ಹಿಜ್ಕೀಯ ಲೋಹದ ಹಾವನ್ನು ಒಡೆಸಿದ. ದರ್ಶನದ ಸಾರಾಫ್‌ಗೆ ಸುತ್ತಿಗೆ ತಾಗಲಿಲ್ಲ. ಪವಿತ್ರ, ಪವಿತ್ರ, ಪವಿತ್ರ ಎಂಬ ಅವುಗಳ ಹಾಡನ್ನು ಯಹೂದಿಗಳು ಇವತ್ತಿಗೂ ಪ್ರಾರ್ಥನೆಯಲ್ಲಿ ಹೇಳುತ್ತಾರೆ.

ಮಕ್ಕಳಿಗೆ ಹೆಸರಿಡಲೂ ಹಾವು ಬೇಕಾಯಿತು. ಆರೋನನ ಭಾವಮೈದುನ ನಹಶೋನ. ಹಿಜ್ಕೀಯನ ಕಾಲದ ನಂತರ ರಾಜಮಾತೆಯಾದವಳೊಬ್ಬಳ ಹೆಸರೇ ನೆಹುಷ್ಟಾ. ನಾಗರಾಜ, ನಾಗಮ್ಮರ ನಡುವೆ ಬೆಳೆದ ನಮಗೆ ಇದರಲ್ಲಿ ಆಶ್ಚರ್ಯವಿಲ್ಲ. ಅಕ್ಷರಗಳಿಗೆ ಅಂಕಿ ಕೊಟ್ಟು ಕೂಡಿಸುವ ಹೀಬ್ರೂ ಲೆಕ್ಕದಲ್ಲಿ ನಾಹಾಶ್ 358. ಲೋಕ ಉದ್ಧಾರ ಮಾಡಲು ಬರಬೇಕಾದ ಮಶೀಹನೂ 358! ಕಬ್ಬಾಲ ಎಂಬ ಯಹೂದಿ ಅನುಭಾವ ಪಂಥದವರಿಗೆ ಇಷ್ಟು ಸಿಕ್ಕಿದರೆ ಸಾಕಲ್ಲ.

ಇವೆಲ್ಲಕ್ಕಿಂತ ನನಗೆ ಹತ್ತಿರವೆನಿಸುವುದು ಯಾವ ಸಂಕೇತವೂ ಅಲ್ಲದ, ಸುಮ್ನೆ ಹಾವಾಗಿರುವ ಹಾವು. ಪ್ರವಾದಿ ಆಮೋಸ ಕುರಿ ಕಾಯುತ್ತಿದ್ದವನು. ಸಿಂಹದಿಂದ ತಪ್ಪಿಸಿಕೊಂಡವನಿಗೆ ಕರಡಿ ಎದುರಾಯಿತು, ಹೇಗೋ ಮನೆ ಸೇರಿ ಉಸ್ಸಪ್ಪಾ ಎಂದು ಗೋಡೆಗೆ ಕೈಯೂರಿದರೆ ಹಾವು ಕಚ್ಚಿತು ಅನ್ನುತ್ತಾನೆ. ಕಲ್ಲುಗೋಡೆಯ ಸಂದು ನೋಡಿ ಗೊತ್ತಿದ್ದವನ ಮಾತು ಅದು. ಬೈಬಲಿನ ಪ್ರಸಂಗಿ ಎಂಬ ಪುಸ್ತಕ ಬರೆದವನೂ ಗೋಡೆ ಕೆಡಹುವವನಿಗೆ ಇದೇ ಎಚ್ಚರಿಕೆ ಕೊಡುತ್ತಾನೆ. ಮಂತ್ರ ಹಾಕುವ ಮೊದಲೇ ಕಚ್ಚಿದರೆ ಹಾವಾಡಿಗನಿಂದೇನು ಲಾಭ ಎಂದೂ ಕೇಳುತ್ತಾನೆ. ಜ್ಞಾನೋಕ್ತಿಗಳೆಂಬ ಪುಸ್ತಕದಲ್ಲಿ ಒಬ್ಬನಿಗೆ ಅರ್ಥವಾಗದ ನಾಲ್ಕು ಸಂಗತಿಗಳಿವೆ: ಆಕಾಶದಲ್ಲಿ ಹದ್ದಿನ ದಾರಿ, ಬಂಡೆಯ ಮೇಲೆ ಹಾವಿನ ದಾರಿ, ಸಮುದ್ರದಲ್ಲಿ ಹಡಗಿನ ದಾರಿ, ಹೆಣ್ಣಿನ ಕಡೆಗೆ ಗಂಡಿನ ದಾರಿ. ಮಣ್ಣಿನಲ್ಲಾದರೆ ಹಾವು ಹೋದ ಗೆರೆ ಕಾಣುತ್ತದೆ. ಬಂಡೆಯ ಮೇಲೆ ಏನೂ ಇಲ್ಲ. ಕಾಲೂ ಇಲ್ಲ, ಗುರುತೂ ಇಲ್ಲ, ಆದರೂ ದಾಟಿಹೋಯಿತು. ಅದನ್ನು ಬಗ್ಗಿ ನೋಡಿದವನೇ ಹೀಗೆ ಬರೆದಾನು.

ಇಸ್ರೇಲಿನ ಹೊಲಗಳಲ್ಲಿ ಇವತ್ತು ಜಾಸ್ತಿ ಕಚ್ಚುವ ವಿಷದ ಹಾವಿಗೆ ಅಲ್ಲಿನವರು ತ್ಸೆಫಾ ಅನ್ನುತ್ತಾರೆ. ನಮ್ಮ ಕೊಳಕುಮಂಡಲದ ದಾಯಾದಿ, ಎರಡೂ ಒಂದೇ ಕುಲ. ಇದನ್ನು ಮನಸ್ಸಿನಲ್ಲಿಟ್ಟುಕೊಂಡು ಮಿಷ್ನಾದ ಒಂದು ನಿಯಮ ಕೇಳಿ: ಪ್ರಾರ್ಥನೆಗೆ ನಿಂತಾಗ ಹಿಮ್ಮಡಿಗೆ ಹಾವು ಸುತ್ತಿಕೊಂಡರೂ ನಿಲ್ಲಿಸಬಾರದು. ತಾಲ್ಮುದಿನಲ್ಲಿ ಒಬ್ಬ ರಬ್ಬಿ ಸ್ವಲ್ಪ ಸಡಿಲಿಸಿ, ಚೇಳಾದರೆ ನಿಲ್ಲಿಸಬಹುದು ಎಂದರು. ಹಾವಿನ ಮೇಲೆ ಅಷ್ಟು ನಂಬಿಕೆ! 12ನೇ ಶತಮಾನದ ಮೈಮೊನಿಡೀಸ್ ಮಾತ್ರ, ಆ ಊರಿನ ಹಾವು ಕೊಲ್ಲುವಂಥದ್ದಾದರೆ ಪ್ರಾರ್ಥನೆ ಬಿಟ್ಟು ಓಡಿ ಎಂದು ನೇರವಾಗಿ ಬರೆದರು. ಧರ್ಮಶಾಸ್ತ್ರ ಬರೆದವರು ಹೌದು, ಆದರೆ ಕೈರೋದಲ್ಲಿ ವೈದ್ಯರೂ ಆಗಿದ್ದರು. ವಿಷ ಮತ್ತು ಮದ್ದಿನ ಬಗ್ಗೆ ಅವರದೇ ಒಂದು ಪುಸ್ತಕವಿದೆ.